ಗೋಪುರ ಬಿಡಿ, ಗೇಟು ನೋಡಿ

ಬೆಂಗಳೂರಿನ ಅತಿ ದೊಡ್ಡ ವಾಸ್ತುಶಿಲ್ಪ ವಿಮರ್ಶಕ ಯಾರು ಎಂದು ಕೇಳಿದರೆ ನಾನು ಯಾವ ಪ್ರೊಫೆಸರರ ಹೆಸರನ್ನೂ ಹೇಳುವುದಿಲ್ಲ. ತನ್ನ ಅಳತೆಗಿಂತ ಎರಡು ಸೈಜು ದೊಡ್ಡದಾದ ನೀಲಿ ಯೂನಿಫಾರ್ಮು ತೊಟ್ಟು, ರಿಜಿಸ್ಟರಿಗೆ ದಾರದಲ್ಲಿ ಕಟ್ಟಿದ ಪೆನ್ನನ್ನು ಕಾಯುತ್ತಾ ಕೂತ ಸೆಕ್ಯೂರಿಟಿಯವನನ್ನು ತೋರಿಸುತ್ತೇನೆ. ತಾನು ಕಾಯುವ ಕಟ್ಟಡ ದ್ರಾವಿಡ ಶೈಲಿಯದೋ, ಗ್ರೀಕ್ ಶೈಲಿಯದೋ, ಅಥವಾ ಬಿಲ್ಡರನ ಭಾಮೈದ ಇಂಟರ್ನೆಟ್ಟಿನಲ್ಲಿ ನೋಡಿ ಬಂದದ್ದೋ ಅವನಿಗೆ ಗೊತ್ತಿಲ್ಲ. ಆದರೆ ಅದನ್ನು ಯಾರಿಗಾಗಿ ಕಟ್ಟಿದ್ದಾರೆ, ಯಾರಿಗಾಗಿ ಕಟ್ಟಿಲ್ಲ ಎಂಬುದು ಬಂದವರ ಚಪ್ಪಲಿ ನೋಡಿದ ಕೂಡಲೇ ತಿಳಿಯುತ್ತದೆ. ಕಾರಿನಲ್ಲಿ ಬಂದವರಿಗೆ ಸಲಾಮು, ಸ್ಕೂಟರಿನಲ್ಲಿ ಬಂದವರಿಗೆ ಪ್ರಶ್ನೆ, ನಡೆದು ಬಂದವರಿಗೆ ರಿಜಿಸ್ಟರು. ಇಷ್ಟು ಕರಾರುವಾಕ್ಕಾಗಿ ಒಂದು ಕಟ್ಟಡವನ್ನು ಓದಬಲ್ಲ ವಿದ್ವಾಂಸರು ನಮ್ಮ ವಿಶ್ವವಿದ್ಯಾಲಯಗಳಲ್ಲಿ ಕಡಿಮೆ.

ನಮ್ಮ ಕಣ್ಣು ಸದಾ ಮೇಲಕ್ಕೆ. ಗೋಪುರ ಎಷ್ಟು ಎತ್ತರ, ಗಾಜು ಎಷ್ಟು ಹೊಳಪು, ಮಹಡಿ ಎಷ್ಟು. ಕಟ್ಟಿಸಿದವರಿಗೂ ಬೇಕಾದ್ದು ಅದೇ. ಮೇಲೆ ನೋಡುತ್ತಿರುವವನು ಕೆಳಗೆ ತನಗೆ ಯಾವ ಬಾಗಿಲು ಕೊಟ್ಟಿದ್ದಾರೆ ಎಂದು ಕೇಳುವುದಿಲ್ಲ.

ದೊಡ್ಡ ಮನೆಯಿಂದಲೇ ಶುರು ಮಾಡೋಣ. 1951ರ ಜುಲೈ 13ರಂದು ನೆಹರೂ ಅವರು ವಿಧಾನಸೌಧಕ್ಕೆ ಅಡಿಗಲ್ಲು ಇಟ್ಟಾಗ ಮನಸ್ಸಿನಲ್ಲಿದ್ದದ್ದು ಒಂದು ಸಾಧಾರಣ ಕಟ್ಟಡ. ಮರುವರ್ಷ ಮುಖ್ಯಮಂತ್ರಿಯಾದ ಕೆಂಗಲ್ ಹನುಮಂತಯ್ಯನವರಿಗೆ ಆ ನಕ್ಷೆ ಹಿಡಿಸಲಿಲ್ಲ. ಊರು ನೋಡಲು ಬಂದ ರಷ್ಯಾದ ನಿಯೋಗವೊಂದು ‘ಇಲ್ಲಿರುವುದೆಲ್ಲ ಯುರೋಪಿನ ಕಟ್ಟಡಗಳೇ, ನಿಮ್ಮದು ಅನ್ನುವಂಥದ್ದು ಯಾವುದೂ ಇಲ್ಲವೇ’ ಎಂದು ಕೇಳಿತಂತೆ. ಹನುಮಂತಯ್ಯನವರಿಗೆ ಅದು ನಾಟಿತಂತೆ. ಎದುರಿಗೇ ಇತ್ತಲ್ಲ, ದೊರೆಗಳ ಕಾಲದಲ್ಲಿ 1868ಕ್ಕೆ ಮುಗಿದ ಕೆಂಪು ಬಣ್ಣದ ಅಠಾರಾ ಕಚೇರಿ. ಅದು ತಲೆ ತಗ್ಗಿಸುವಂಥದ್ದನ್ನು ಅದರ ಎದುರಿಗೇ ಕಟ್ಟಬೇಕು, ದಿವಾನರ ಆಳ್ವಿಕೆ ಮುಗಿಯಿತು, ಇನ್ನು ಪ್ರಜೆಯೇ ಪ್ರಭು ಎಂದು ಕಲ್ಲೇ ಸಾರಿ ಹೇಳಬೇಕು. ಹಾಗೆ ಎದ್ದು ನಿಂತಿತು ನಮ್ಮ ಗ್ರಾನೈಟಿನ ದೇಗುಲ. ನಲವತ್ತು ಅಡಿಯ ಹನ್ನೆರಡು ಕಂಬ, ನೆತ್ತಿಯ ಮೇಲೆ ಅರುವತ್ತು ಅಡಿ ಅಗಲದ ಗುಮ್ಮಟ, ಅದರ ಮೇಲೆ ನಾಲ್ಕು ಸಿಂಹ. ಕಲ್ಲು ಹೊತ್ತವರಲ್ಲಿ ಸಾವಿರಾರು ಮಂದಿ ಜೈಲಿನ ಕೈದಿಗಳು. ಖರ್ಚು ಎರಡು ಕೋಟಿ ರೂಪಾಯಿಗೂ ಕಡಿಮೆ. ಇಷ್ಟು ದುಂದುವೆಚ್ಚವೇ ಎಂದು ಆಗ ಹುಯಿಲೆದ್ದಿತ್ತು. 1956ರಲ್ಲಿ ಕಟ್ಟಡ ಮುಗಿಯುವ ಹೊತ್ತಿಗೆ ಹನುಮಂತಯ್ಯನವರ ಕುರ್ಚಿಯೂ ಮುಗಿದಿತ್ತು. ಕಟ್ಟಿದವರೇ ಒಳಗೆ ಕೂರಲಿಲ್ಲ.

ನನಗೆ ಆ ಕಟ್ಟಡ ಇಷ್ಟ, ಅದನ್ನು ಮುಚ್ಚಿಡುವುದಿಲ್ಲ. ಸಂಜೆಯ ಬಿಸಿಲು ಬಿದ್ದಾಗ ಅದರ ಎದುರು ಬಸ್ಸಿನಲ್ಲಿ ಹೋಗುವವನಿಗೆ ಒಂದು ಕ್ಷಣ ತಾನೂ ಏನೋ ಒಂದರ ಮಾಲೀಕ ಅನ್ನಿಸುತ್ತದೆ. ಹಾಗೆ ಅನ್ನಿಸಲಿ ಎಂದೇ ಕಟ್ಟಿದ್ದು. ತೊಂದರೆ ಇರುವುದು ಬಸ್ಸಿನಿಂದ ಇಳಿದ ಮೇಲೆ.

ಹಣೆಯ ಮೇಲೆ ಕೆತ್ತಿದ್ದಾರೆ: ಸರ್ಕಾರದ ಕೆಲಸ ದೇವರ ಕೆಲಸ. ದೇವಸ್ಥಾನದ ಶೈಲಿಯಲ್ಲಿ ಕಟ್ಟಿ, ದೇವರ ಕೆಲಸ ಅಂತ ಬರೆದ ಮೇಲೆ ದೇವಸ್ಥಾನದ ಪದ್ಧತಿಗಳನ್ನು ಬಿಡಲಾದೀತೇ? ಪೂರ್ವದ ಆ ರಾಜಗಾಂಭೀರ್ಯದ ಮೆಟ್ಟಿಲುಗಳು ಉತ್ಸವಕ್ಕೆ ಮಾತ್ರ. ಪ್ರಮಾಣವಚನ, ಸನ್ಮಾನ, ಫೋಟೊ. ಭಕ್ತಾದಿಗಳಿಗೆ ಪಕ್ಕದ ಗೇಟು, ಪಾಸು, ಬ್ಯಾಗಿನ ತಪಾಸಣೆ, ‘ಯಾರನ್ನು ನೋಡಬೇಕು?’ ಎಂಬ ಪ್ರಶ್ನೆ, ‘ಸಾಹೇಬರು ಮೀಟಿಂಗಿನಲ್ಲಿದ್ದಾರೆ’ ಎಂಬ ಮಂಗಳಾರತಿ. ಅರ್ಚಕರನ್ನು ಬಲ್ಲವರಿಗೆ ನೇರ ಗರ್ಭಗುಡಿ. ಕಬ್ಬಿಣದ ಬೇಲಿಯ ಆಚೆ ನಿಂತು ಸೆಲ್ಫಿ ತೆಗೆದುಕೊಂಡು ಹೋಗುವ ಪ್ರಜಾಪ್ರಭುಗಳ ಮೇಲೆ ಕೊನೆಗೂ ಕರುಣೆ ಉಕ್ಕಿ, 2025ರಲ್ಲಿ ಗೈಡ್ ಸಮೇತ ಒಳಗೆ ಸುತ್ತಾಡಿಸುವ ವ್ಯವಸ್ಥೆ ಮಾಡಿದ್ದಾರೆ. ಭಾನುವಾರ, ಮತ್ತೆ ಎರಡನೇ, ನಾಲ್ಕನೇ ಶನಿವಾರ. ಅಂದರೆ ಒಳಗೆ ಯಾರೂ ಕೆಲಸ ಮಾಡದ ದಿನ. ದೊಡ್ಡವರಿಗೆ ಟಿಕೆಟ್ 50 ರೂಪಾಯಿ. ತನ್ನ ಮನೆ ನೋಡಲು ಟಿಕೆಟ್ ತೆಗೆದುಕೊಳ್ಳುವ ಮಾಲೀಕ ಪ್ರಪಂಚದಲ್ಲಿ ಇನ್ನೆಲ್ಲಾದರೂ ಇದ್ದಾನೆಯೇ?

ಟಿಕೆಟ್ ಬೇಡ, ಜಗಳ ಆಡುವುದಿದೆ ಅನ್ನುವವರಿಗೆ ಬೇರೆ ವಿಳಾಸವಿದೆ. ಬೆಂಗಳೂರಿನಲ್ಲಿ ಧರಣಿ, ಮೆರವಣಿಗೆ, ಘೋಷಣೆ ಏನೇ ಇದ್ದರೂ 2021ರ ಪೊಲೀಸ್ ಆದೇಶದ ಪ್ರಕಾರ ಫ್ರೀಡಂ ಪಾರ್ಕಿಗೇ ಹೋಗಬೇಕು. ಫ್ರೀಡಂ ಪಾರ್ಕ್ ಅಂದರೆ ಏನು? ಹಳೆಯ ಸೆಂಟ್ರಲ್ ಜೈಲು. ತುರ್ತು ಪರಿಸ್ಥಿತಿಯಲ್ಲಿ ಅಡ್ವಾಣಿ, ದಂಡವತೆ ಮುಂತಾದವರನ್ನು ಕೂಡಿ ಹಾಕಿದ ಜಾಗ. ಕೈದಿಗಳನ್ನು ಪರಪ್ಪನ ಅಗ್ರಹಾರಕ್ಕೆ ಸಾಗಿಸಿ, ಬ್ಯಾರಕ್ಕು, ಕಾವಲು ಗೋಪುರಗಳನ್ನು ನೋಡುಗರಿಗಾಗಿ ಉಳಿಸಿಕೊಂಡು, 2008ರಲ್ಲಿ ಉದ್ಯಾನ ಮಾಡಿದರು. ಈ ಏರ್ಪಾಟಿನ ಅಚ್ಚುಕಟ್ಟನ್ನು ಒಮ್ಮೆ ಮೆಚ್ಚಿಕೊಳ್ಳಿ: ಅಂದು ಕೈದಿಗಳು ಜೈಲಿನಿಂದ ಬಂದು ವಿಧಾನಸೌಧ ಕಟ್ಟಿದರು, ಇಂದು ಪ್ರಜೆಗಳು ವಿಧಾನಸೌಧದ ಮೇಲೆ ಸಿಟ್ಟು ಬಂದರೆ ಜೈಲಿನ ಆವರಣಕ್ಕೆ ಹೋಗಿ ಕೂಗಿಕೊಳ್ಳುತ್ತಾರೆ. ಅಂಗನವಾಡಿ ಕಾರ್ಯಕರ್ತೆಯರು ರಾಯಚೂರಿನಿಂದ ರಾತ್ರಿಯಿಡೀ ರೈಲಿನಲ್ಲಿ ಕೂತು ಬಂದು, ಕಾವಲು ಗೋಪುರದ ನೆರಳಲ್ಲಿ ಬುತ್ತಿ ಬಿಚ್ಚುತ್ತಾರೆ. ಸಂಚಾರಕ್ಕೆ ಅಡಚಣೆ ಆಗುವುದಿಲ್ಲ. ಮಂತ್ರಿಗಳ ನಿದ್ದೆಗೂ ಆಗುವುದಿಲ್ಲ.

ಒಳಗಿನವರಿಗೂ ಬಾಗಿಲಿನ ಚಿಂತೆ ತಪ್ಪಿದ್ದಲ್ಲ, ಅವರದು ಬೇರೆ ಜಾತಿಯ ಚಿಂತೆ ಅಷ್ಟೆ. ಮೂರನೇ ಮಹಡಿಯ ಮುಖ್ಯಮಂತ್ರಿ ಕೊಠಡಿಯ ದಕ್ಷಿಣದ ಬಾಗಿಲು ವಾಸ್ತು ಸರಿಯಿಲ್ಲವೆಂದು ವರ್ಷಗಟ್ಟಲೆ ಮುಚ್ಚಿತ್ತು. ಯಮನ ದಿಕ್ಕು ನೋಡಿ! 2023ರ ಜೂನ್‌ನಲ್ಲಿ ಸಿದ್ದರಾಮಯ್ಯನವರು ಅದನ್ನು ತೆಗೆಸಿ, ಅದರಲ್ಲೇ ಓಡಾಡಿ, ಒಳ್ಳೆ ಮನಸ್ಸು, ಗಾಳಿ, ಬೆಳಕು ಇದ್ದರೆ ಅದೇ ವಾಸ್ತು ಎಂಬರ್ಥದ ಮಾತಾಡಿದರು. ಭೇಷ್. ಮುಖ್ಯಮಂತ್ರಿಗಾಗಿ ತೆರೆದ ಬಾಗಿಲು ಪತ್ರಿಕೆಗಳಲ್ಲಿ ಸುದ್ದಿಯಾಯಿತು. ಉಳಿದ ಮಂತ್ರಿವರ್ಯರು ಅಧಿಕಾರ ಹಿಡಿದ ಮರುದಿನವೇ ಬಡಗಿಯನ್ನು ಕರೆಸುವ ಸಂಪ್ರದಾಯ ಮಾತ್ರ ಪಕ್ಷಾತೀತವಾಗಿ ಮುಂದುವರಿದಿದೆ. ಇಲಾಖೆಯ ಕಡತ ಓದುವ ಮೊದಲು ಟೇಬಲ್ಲು ಈಶಾನ್ಯಕ್ಕೆ ತಿರುಗಬೇಕು. ಜಾಗ ಸಾಲದು ಎಂದು ಪಕ್ಕದಲ್ಲೇ 2005ರಲ್ಲಿ ವಿಕಾಸಸೌಧ ಎಂಬ ಜೆರಾಕ್ಸ್ ಪ್ರತಿಯನ್ನೂ ತೆಗೆದಿದ್ದಾರೆ. ಇನ್ನು 2017ರಲ್ಲಿ ವಿಧಾನಸೌಧಕ್ಕೆ ಅರುವತ್ತು ತುಂಬಿದಾಗ ಹುಟ್ಟುಹಬ್ಬಕ್ಕೆಂದು ತಯಾರಾದ ಪ್ರಸ್ತಾವ ಸುಮಾರು 27 ಕೋಟಿ ರೂಪಾಯಿಯದು. ಶಾಸಕರಿಗೆ ಚಿನ್ನದ ಬಿಸ್ಕತ್ತು, ಸಿಬ್ಬಂದಿಗೆ ಬೆಳ್ಳಿ ತಟ್ಟೆ ಎಂಬ ಮಾತೂ ಅದರಲ್ಲಿತ್ತು. ಜನ ಉಗಿದ ಮೇಲೆ ಬಿಸ್ಕತ್ತು ಹೋಯಿತು, ಖರ್ಚು 10 ಕೋಟಿಗೆ ಇಳಿಯಿತು. ಎರಡು ಕೋಟಿಗೂ ಕಡಿಮೆಯಲ್ಲಿ ಕಟ್ಟಿ ದುಂದುಗಾರ ಎನ್ನಿಸಿಕೊಂಡ ಹನುಮಂತಯ್ಯನವರು ಪ್ರತಿಮೆಯಾಗಿ ಅಲ್ಲೇ ಹೊರಗೆ ನಿಂತಿದ್ದಾರೆ. ಪಾಪ, ಅವರಿಗೂ ಪಾಸಿಲ್ಲ.

ಬೆಳಗಾವಿಯ ಸುವರ್ಣ ವಿಧಾನಸೌಧವನ್ನು ಬಿಟ್ಟರೆ ಉತ್ತರ ಕರ್ನಾಟಕದವರು ಸಿಟ್ಟಾದಾರು. 2012ರ ಅಕ್ಟೋಬರ್ 11ರಂದು ರಾಷ್ಟ್ರಪತಿ ಪ್ರಣಬ್ ಮುಖರ್ಜಿ ಉದ್ಘಾಟಿಸಿದ ನೂರಾರು ಕೋಟಿಯ ಸೌಧ. ಗಡಿ ತಂಟೆಯಲ್ಲಿ ಮಹಾರಾಷ್ಟ್ರಕ್ಕೆ ಕೊಟ್ಟ ಕಲ್ಲಿನ ಉತ್ತರ. ಕಲ್ಲು ಚೆನ್ನಾಗಿಯೇ ಉತ್ತರ ಕೊಟ್ಟಿದೆ, ಆದರೆ ವರ್ಷಕ್ಕೆ ಹತ್ತು ಹನ್ನೆರಡು ದಿನದ ಚಳಿಗಾಲದ ಅಧಿವೇಶನ ಮುಗಿದರೆ ಮತ್ತೆ ಕಲ್ಲೇ ಗತಿ. 2022ರಲ್ಲಿ ಅಲ್ಲಿ ಕೂಲಿ ಮಾಡುವ ಹೆಣ್ಣುಮಗಳೊಬ್ಬಳು ಸೌಧದ ಎದುರಿನ ಆ ವಿಶಾಲವಾದ, ಸ್ವಚ್ಛವಾದ, ಬಿಸಿಲು ಬಡಿಯುವ ಜಾಗವನ್ನು ಕಂಡು, ಬಟ್ಟೆ ಹಾಸಿ ಶಾವಿಗೆ, ಹಪ್ಪಳ ಒಣಹಾಕಿದಳು. ಫೋಟೊ ಊರೆಲ್ಲ ಓಡಾಡಿತು. ಸೌಧದ ಘನತೆಗೆ ಧಕ್ಕೆ ಬಂತು. ಆಕೆಯನ್ನು ಕೆಲಸದಿಂದ ತೆಗೆದರು. ಜನ ಛೀಮಾರಿ ಹಾಕಿದ ಮೇಲೆ ಮರಳಿ ಸೇರಿಸಿಕೊಂಡರು. ಒಂದು ಮಾತು ಕೇಳುತ್ತೇನೆ. ಕಟ್ಟಡವನ್ನು ವರ್ಷಕ್ಕೆ ಹನ್ನೊಂದೂವರೆ ತಿಂಗಳು ಖಾಲಿ ಇಟ್ಟವರಿಂದ ಘನತೆಗೆ ಧಕ್ಕೆಯಾಗಲಿಲ್ಲ, ಖಾಲಿ ಜಾಗಕ್ಕೆ ಉಪಯೋಗ ಹುಡುಕಿದವಳಿಂದ ಆಯಿತೇ? ಸಾರ್ವಜನಿಕ ಸ್ಥಳದ ಬಗ್ಗೆ ನಗರ ಯೋಜಕರು ಸೆಮಿನಾರು ಮಾಡಿ ಹೇಳುವುದನ್ನು ಆಕೆ ಒಂದು ತುಂಡು ಬಟ್ಟೆಯಲ್ಲಿ ಹೇಳಿ ಮುಗಿಸಿದ್ದಳು.

ಸರ್ಕಾರವನ್ನು ಬೈಯುವುದು ಸುಲಭ, ಮೈಗೆ ಹಿತ. ಈಗ ನಮ್ಮ ಮನೆಗೆ ಬರೋಣ.

ನಮ್ಮ ಅಪಾರ್ಟ್‌ಮೆಂಟುಗಳಿಗೆ ಇಟಲಿ, ಸ್ಪೇನು, ಅಮೆರಿಕದ ಊರುಗಳ ಹೆಸರು. ಸರ್ಜಾಪುರ ರಸ್ತೆಯ ರಾಗಿ ಹೊಲದಲ್ಲಿ ಎದ್ದ ಗ್ರೀಕ್ ಕಂಬಗಳ ಮೇಲೆ ಯಾವ ಭಾರವೂ ಇಲ್ಲ, ಒಳಗೆ ಟೊಳ್ಳು, ಬೆರಳಲ್ಲಿ ತಟ್ಟಿದರೆ ಡಬ್ಬಿಯ ಸದ್ದು ಬರುತ್ತದೆ. ಅದು ಹೋಗಲಿ, ದುಡ್ಡು ಅವರದು. ಲಾಬಿಗೆ ಬನ್ನಿ. ಮೂರು ಲಿಫ್ಟುಗಳಿವೆ. ಎರಡಕ್ಕೆ ಕನ್ನಡಿ, ಗ್ರಾನೈಟು, ಮಂದವಾದ ಸಂಗೀತ. ಮೂರನೆಯದರ ಗೋಡೆಗೆ ಪ್ಲೈವುಡ್ ಹೊಡೆದಿರುತ್ತಾರೆ, ನೆಲಕ್ಕೆ ರಬ್ಬರ್ ಮ್ಯಾಟು, ಫ್ಯಾನು ತಿರುಗಿದರೆ ಅದೃಷ್ಟ. ಪಕ್ಕದ ಗೋಡೆಗೆ ಲ್ಯಾಮಿನೇಟ್ ಮಾಡಿದ ನೋಟಿಸು: ಮನೆಗೆಲಸದವರು, ಡೆಲಿವರಿಯವರು, ಕಸ ಮತ್ತು ನಾಯಿಗಳು ಸರ್ವೀಸ್ ಲಿಫ್ಟ್ ಬಳಸತಕ್ಕದ್ದು. ಈ ನಾಲ್ಕನ್ನು ಒಂದೇ ಸಾಲಿನಲ್ಲಿ ಪೋಣಿಸಿದ ಕೈ ಯಾರದೋ, ಅವರು ಸಂವಿಧಾನ ದಿನಾಚರಣೆಯಂದು ವಾಟ್ಸ್‌ಆ್ಯಪ್‌ನಲ್ಲಿ ಪೀಠಿಕೆಯನ್ನು ಹಂಚಿದವರೇ ಇರಬೇಕು. ಒಂದು ತಿದ್ದುಪಡಿ: ಕೆಲವು ಕಡೆ ನಾಯಿಯನ್ನು ಮುಖ್ಯ ಲಿಫ್ಟಿಗೆ ಬಡ್ತಿ ಕೊಟ್ಟಿದ್ದಾರೆ, ಮಾಲೀಕರು ಜೊತೆಗಿದ್ದರೆ ಸಾಕು. ಹತ್ತು ವರ್ಷದಿಂದ ಅದೇ ಮನೆಯ ಮಗುವನ್ನು ಎತ್ತಿ ಆಡಿಸಿದವಳಿಗೆ ಬಡ್ತಿ ಸಿಗುವುದು ಮಗು ಕಂಕುಳಲ್ಲಿರುವಷ್ಟು ಹೊತ್ತು.

ಇದು ಹೊಸ ದುಡ್ಡಿನ ಸೊಕ್ಕು ಎಂದು ಬಸವನಗುಡಿ, ಮಲ್ಲೇಶ್ವರದ ಹಳಬರು ತಲೆ ಆಡಿಸುವುದನ್ನು ಕೇಳಿದ್ದೇನೆ. ‘ನಮ್ಮ ಕಾಲದಲ್ಲಿ ಜಗಲಿ ಇತ್ತು ಸ್ವಾಮಿ, ಬಂದವರು ಕೂರುತ್ತಿದ್ದರು.’ ಕೂರುತ್ತಿದ್ದರು, ನಿಜ. ಎಲ್ಲರೂ ಅಲ್ಲ. 1898ರ ಪ್ಲೇಗಿನ ನಂತರ ಗಾಳಿ ಬೆಳಕು ನೋಡಿ ಬೆಳೆಸಿದ ಈ ಎರಡು ಬಡಾವಣೆಗಳ ನಕ್ಷೆಯನ್ನು ಬಿಡಿಸಿ ನೋಡಿ. ಮುಂದೆ ಸಾಲುಮರದ ಅಗಲ ರಸ್ತೆ, ಹಿಂದೆ ಕನ್ಸರ್ವೆನ್ಸಿ ಗಲ್ಲಿ. ಆ ಗಲ್ಲಿ ಇದ್ದದ್ದು ಮಲ ಹೊರುವವರಿಗಾಗಿ. ಹಿತ್ತಿಲಿಗೆ ಬಂದು, ಕಕ್ಕಸಿನ ಹಿಂದಿನ ಕಿಂಡಿಯಿಂದ ಬಳಿದು, ಯಾರ ಕಣ್ಣಿಗೂ ಬೀಳದೆ ಹಾಗೇ ಹೋಗಬೇಕು. ಊರಿನ ಅತ್ಯಂತ ಆರೋಗ್ಯಕರ ಬಡಾವಣೆಯ ಆರೋಗ್ಯ ಆ ತಲೆಗಳ ಮೇಲೆ ನಿಂತಿತ್ತು. ಫ್ಲಶ್ ಬಂತು, ಒಳಚರಂಡಿ ಬಂತು, ಗಲ್ಲಿಗೆ ಕೆಲಸ ತಪ್ಪಿತು. ಈಗ ಅದನ್ನು ಎತ್ತಿ ನೆಟ್ಟಗೆ ನಿಲ್ಲಿಸಿ, ಬಟನ್ ಹಾಕಿ, ಸರ್ವೀಸ್ ಲಿಫ್ಟ್ ಎಂದು ಕರೆದಿದ್ದೇವೆ. ಬೆಂಗಳೂರು ಮೇಲಕ್ಕೆ ಬೆಳೆಯಿತು ಎನ್ನುತ್ತಾರಲ್ಲ, ಹಿತ್ತಿಲೂ ಜೊತೆಗೇ ಮೇಲಕ್ಕೆ ಬೆಳೆಯಿತು.

2023ರಲ್ಲಿ ಒಂದು ಅಪಾರ್ಟ್‌ಮೆಂಟಿನ ನೋಟಿಸು ಸೋಷಿಯಲ್ ಮೀಡಿಯಾದಲ್ಲಿ ಸುದ್ದಿ ಮಾಡಿತ್ತು. ಕೆಲಸದವರು ಬಿಡುವಿನಲ್ಲಿ ಪಾರ್ಕಿನಲ್ಲಿ, ಲಾಬಿಯ ಸೋಫಾದಲ್ಲಿ ಕೂತರೆ ನಿವಾಸಿಗಳಿಗೆ ಮುಜುಗರವಾಗುತ್ತದೆ ಎಂಬ ಸಾರಾಂಶ. ಆ ಸೋಫಾವನ್ನು ಬೆಳಿಗ್ಗೆ ಒರೆಸಿದವರಿಗೆ ಮಧ್ಯಾಹ್ನ ಅದರ ಮೇಲೆ ಕೂರುವಂತಿಲ್ಲ. ಇದಕ್ಕೆ ನಮ್ಮ ಊರುಗಳಲ್ಲಿ ಒಂದು ಹಳೆಯ ಹೆಸರಿದೆ, ಅದನ್ನು ಅಸೋಸಿಯೇಷನ್ನಿನ ಸಭೆಯಲ್ಲಿ ಹೇಳಿದರೆ ನಿಮ್ಮನ್ನು ವಾಟ್ಸ್‌ಆ್ಯಪ್ ಗುಂಪಿನಿಂದ ತೆಗೆಯುತ್ತಾರೆ.

ಹೀಗೆ ಕಟ್ಟಡಗಳು ಪಾಠ ಹೇಳುತ್ತಾ ಇರುವಾಗ ಬಾಗಿಲು ಕಾಯುವವನು ಕಲಿಯದೆ ಇರುತ್ತಾನೆಯೇ? 2024ರ ಫೆಬ್ರುವರಿಯಲ್ಲಿ ರಾಜಾಜಿನಗರದ ಮೆಟ್ರೊ ನಿಲ್ದಾಣದಲ್ಲಿ ಟಿಕೆಟ್ ಕೊಂಡಿದ್ದ ರೈತರೊಬ್ಬರನ್ನು ಬಟ್ಟೆ ಕೊಳಕು ಎಂದು ತಡೆದರು. ತಲೆಯ ಮೇಲೆ ಗಂಟು ಇತ್ತು. ಅದೇ ವರ್ಷದ ಜುಲೈನಲ್ಲಿ ಮಾಗಡಿ ರಸ್ತೆಯ ಮಾಲಿಗೆ ಮಗನ ಜೊತೆ ಸಿನಿಮಾ ನೋಡಲು ಬಂದ ಹಾವೇರಿ ಕಡೆಯ ಹಿರಿಯರನ್ನು ಪಂಚೆ ಉಟ್ಟಿದ್ದಕ್ಕೆ ಬಾಗಿಲಲ್ಲೇ ನಿಲ್ಲಿಸಿದರು. ಸದನದಲ್ಲಿ ಗುಡುಗು ಸಿಡಿಲು. ಪಂಚೆ ಉಟ್ಟ ಶಾಸಕರು ಪಂಚೆಯ ಪರವಾಗಿ ಎದ್ದು ನಿಂತರು. ಮಾಲಿಗೆ ಏಳು ದಿನ ಬೀಗ. ಮೆಟ್ರೊ ಪ್ರಕರಣದಲ್ಲಿ ಭದ್ರತಾ ಮೇಲ್ವಿಚಾರಕನ ಕೆಲಸ ಹೋಯಿತು. ವಿಧಾನಸೌಧದಲ್ಲಿ ಬಿಳಿ ಪಂಚೆ ಅಧಿಕಾರದ ಗುರುತು, ಮಾಲಿನಲ್ಲಿ ಅದೇ ಪಂಚೆ ಅನುಮಾನದ ಗುರುತು. ಗರಿಗರಿ ಇಸ್ತ್ರಿಯಲ್ಲಿ ಇರಬಹುದು ವ್ಯತ್ಯಾಸ. ಆದರೆ ಮಾಲಿನ ಬಾಗಿಲಲ್ಲಿ ತಡೆದವನು ಮಾಡಿದ ತಪ್ಪಾದರೂ ಏನು? ಇಟಲಿಯ ಅಮೃತಶಿಲೆ ಹಾಸಿ, ಗಾಜಿನ ಬಾಗಿಲಿಟ್ಟು, ಸುಗಂಧ ಸಿಂಪಡಿಸಿ, ‘ಇದು ನಿನ್ನಂಥವರಿಗಲ್ಲ’ ಎಂದು ಕಟ್ಟಡ ಗಟ್ಟಿಯಾಗಿ ಹೇಳುತ್ತಿತ್ತು. ಅವನು ಅದನ್ನು ಕನ್ನಡಕ್ಕೋ ಹಿಂದಿಗೋ ಅನುವಾದಿಸಿದ. ಮೂಲ ಲೇಖಕರು ಬೇರೆಯವರು. ಆತನೂ ಬಿಹಾರದ್ದೋ, ಅಸ್ಸಾಮಿನದೋ, ಬಾಗಲಕೋಟೆಯದೋ ಹಳ್ಳಿಯಿಂದ ಬಂದವನೇ. ಯೂನಿಫಾರ್ಮು ಕಳಚಿದರೆ ಅವನಿಗೂ ಅಲ್ಲಿ ಪ್ರವೇಶ ಕಷ್ಟ.

ಎಲ್ಲ ಗೇಟುಗಳನ್ನೂ ತಮಾಷೆಯಾಗಿ ಬರೆಯಲು ಆಗುವುದಿಲ್ಲ. 2025ರ ಜೂನ್ 4ರಂದು ಕ್ರಿಕೆಟ್ ತಂಡಕ್ಕೆ ವಿಧಾನಸೌಧದ ಮೆಟ್ಟಿಲ ಮೇಲೆ ಸನ್ಮಾನ ನಡೆಯಿತು. ಅಲ್ಲಿಂದ ನಡೆದುಹೋಗುವಷ್ಟು ದೂರದ ಚಿನ್ನಸ್ವಾಮಿ ಕ್ರೀಡಾಂಗಣದ ಗೇಟುಗಳ ಬಳಿ ಕಾಲ್ತುಳಿತಕ್ಕೆ ಸಿಕ್ಕಿ 11 ಮಂದಿ ಸತ್ತರು. ಮೆಟ್ಟಿಲು ಯಾರಿಗೆ, ಗೇಟು ಯಾರಿಗೆ ಎಂಬುದಕ್ಕೆ ಇದಕ್ಕಿಂತ ಹೆಚ್ಚಿನ ಸಾಕ್ಷಿ ಬೇಡ.

ಗೋಡೆ ಎತ್ತರಿಸಿದರೆ ಊರು ಹೊರಗುಳಿಯುತ್ತದೆ ಎಂದು ನಂಬಿದವರಿಗೆ ನೀರು ಮಾತ್ರ ಬಗ್ಗಲಿಲ್ಲ. ಇಲ್ಲಿ ಕೆರೆಗಳಿಗೂ ವಾಸ್ತುಶಿಲ್ಪಕ್ಕೂ ಹಳೆಯ ನಂಟು: ಧರ್ಮಾಂಬುಧಿ ಕೆರೆ ಮೆಜೆಸ್ಟಿಕ್ ಬಸ್ ನಿಲ್ದಾಣವಾಯಿತು, ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು. ಸರ್ಕಾರವೇ ಹಾದಿ ತೋರಿದ ಮೇಲೆ ಬಿಲ್ಡರುಗಳು ರಾಜಕಾಲುವೆ ಬಿಟ್ಟಾರೆಯೇ? 2022ರ ಸೆಪ್ಟೆಂಬರಿನ ಮಳೆಗೆ ಯಮಲೂರಿನ ಕೋಟ್ಯಂತರ ರೂಪಾಯಿಯ ವಿಲ್ಲಾಗಳಲ್ಲಿ ಸೋಫಾ ತೇಲಿತು, ಜರ್ಮನ್ ಕಾರು ಮುಳುಗಿತು. ರಿಜಿಸ್ಟರಿನಲ್ಲಿ ಹೆಸರು ಬರೆಯದೆ ನೀರು ಒಳಗೆ ಬಂದಿತ್ತು. ಅದರ ಹಿಂದೆಯೇ ಟ್ರ್ಯಾಕ್ಟರುಗಳೂ ಬಂದವು. ಕಂಪನಿಗಳ ದೊಡ್ಡ ಹುದ್ದೆಯವರು ಟ್ರೇಲರಿನಲ್ಲಿ ನಿಂತು, ಲ್ಯಾಪ್‌ಟಾಪನ್ನು ಎದೆಗೊತ್ತಿಕೊಂಡು ದಡ ಸೇರಿದರು. ಆ ದಿನ ಟ್ರ್ಯಾಕ್ಟರಿನವನ ಬಟ್ಟೆ ಕೊಳಕೋ ಅಲ್ಲವೋ ಎಂದು ಯಾವ ಗೇಟಿನಲ್ಲೂ ಕೇಳಲಿಲ್ಲ. ನೀರಿಳಿದ ಮೇಲೆ ಕೇಳಲು ಶುರು ಮಾಡಿದರು.

ಅಪಾರ್ಟ್‌ಮೆಂಟಿನಲ್ಲಿ ಇರುವ ಓದುಗರಿಗೆ ಒಂದು ಕೆಲಸ ಹೇಳಿ ಮುಗಿಸುತ್ತೇನೆ. ನಿಮ್ಮ ಕಟ್ಟಡದಲ್ಲಿ ಬೆಳಿಗ್ಗೆ ಏಳಕ್ಕೆ ಬಂದು ಮಧ್ಯಾಹ್ನದವರೆಗೆ ನಾಲ್ಕು ಮನೆಯ ಬಚ್ಚಲು ತೊಳೆಯುವ ಹೆಂಗಸರು ತಾವು ಯಾವ ಬಚ್ಚಲಿಗೆ ಹೋಗುತ್ತಾರೆ ಎಂದು ವಿಚಾರಿಸಿ ನೋಡಿ. ತೊಳೆದ ನಾಲ್ಕರಲ್ಲಿ ಒಂದಕ್ಕೂ ಅಲ್ಲ. ನೆಲಮಾಳಿಗೆಯಲ್ಲಿ ಡ್ರೈವರುಗಳದ್ದೊಂದು ಇರುತ್ತದೆ, ಅದಕ್ಕೆ ಚಿಲಕವಿರುವುದಿಲ್ಲ. ಹಾಗಾಗಿ ಅವರು ಬೆಳಿಗ್ಗೆಯಿಂದ ನೀರು ಕುಡಿಯುವುದಿಲ್ಲ. ಮುಂದಿನ ಸರ್ವಸದಸ್ಯರ ಸಭೆಯ ಪಟ್ಟಿಯಲ್ಲಿ ಕ್ಲಬ್‌ಹೌಸಿನ ಬಣ್ಣ, ಕಾರಂಜಿಯ ದೀಪ ಇದ್ದೇ ಇರುತ್ತದೆ. ಅದಕ್ಕೂ ಮೊದಲು ಎರಡು ಸಾಲು ಸೇರಿಸಿ. ಒಂದು, ಕೆಳಗಿನ ಮಹಡಿಯಲ್ಲಿ ಹೆಣ್ಣುಮಕ್ಕಳಿಗೆ ಚಿಲಕ, ನೀರು, ದೀಪ ಇರುವ ಶೌಚಾಲಯ. ಎರಡು, ಲಿಫ್ಟಿನ ಪಕ್ಕದ ಆ ನೋಟಿಸು ತೆಗೆಯುವುದು. ಮೊದಲನೆಯದಕ್ಕೆ ಕಾರಂಜಿಗಿಂತ ಕಡಿಮೆ ಖರ್ಚು. ಎರಡನೆಯದಕ್ಕೆ ಖರ್ಚೇ ಇಲ್ಲ, ಆದ್ದರಿಂದ ಹೆಚ್ಚು ವಿರೋಧ ಬರುವುದು ಅದಕ್ಕೇ. ಕೈ ಎತ್ತಿದವರು ಯಾರು, ಎತ್ತದವರು ಯಾರು ಎಂಬುದನ್ನು ನಡಾವಳಿಯಲ್ಲಿ ಬರೆಸಿ.